ಆಂಗ್ಲ ಕ್ರೈಸ್ತಸಭೆಯ ಪರ್ವದಿನಗಳು

ಅರಸನಾದವನು ಪ್ರಜೆಗಳ ಮೇಲೆ ತೆರಿಗೆಗಳನ್ನು ಹೊರಿಸಬಲ್ಲನು. ಅವರ ಭೂಮಿಯನ್ನು ಅಳೆಯಿಸಬಲ್ಲನು. ಅವರ ಮಕ್ಕಳನ್ನು ಯುದ್ಧಕ್ಕೆ ಕಳುಹಿಸಬಲ್ಲನು. ಆದರೆ ಅವರ ಹಬ್ಬಗಳನ್ನು ಹುಟ್ಟಿಸುವುದಕ್ಕಾಗಲಿ ಅಳಿಸುವುದಕ್ಕಾಗಲಿ ಅವನಿಗೆ ಶಕ್ತಿಯುಂಟೆ? ಈ ಪ್ರಶ್ನೆಗೆ ಚರಿತ್ರೆಯಲ್ಲಿ ಉತ್ತರವನ್ನು ಹುಡುಕುವವರು ಇಂಗ್ಲೆಂಡಿನ ಕ್ರೈಸ್ತಸಭೆಯ ಪಂಚಾಂಗವನ್ನು ಒಮ್ಮೆ ನೋಡುವುದು ಒಳ್ಳೆಯದು. ಪ್ರಾರ್ಥನಾ ಗ್ರಂಥದ ಮೊದಲಿನ ಕೆಲವು ಹಾಳೆಗಳಲ್ಲಿ ಕೋಷ್ಟಕಗಳಂತೆ ಅಚ್ಚಾಗಿರುವ ಆ ದಿನಗಳ ಪಟ್ಟಿಯು ಮೊದಲ ನೋಟಕ್ಕೆ ಬಹು ನೀರಸವಾಗಿ ಕಾಣುವುದು. ಆದರೆ ಅದರ ಒಂದೊಂದು ಪಂಕ್ತಿಗಾಗಿಯೂ ಜನರು ದಂಗೆಯೆದ್ದಿದ್ದಾರೆ, ಸೆರೆಮನೆ ಸೇರಿದ್ದಾರೆ, ಪ್ರಾಣವನ್ನೂ ತೆತ್ತಿದ್ದಾರೆ. ಆ ಕಥೆಯನ್ನು ಸಂಕ್ಷೇಪವಾಗಿ ವಾಚಕರ ಮುಂದಿಡುವುದೇ ಈ ಲೇಖನದ ಉದ್ದೇಶ.

ಮೊದಲು ಆ ವರ್ಷದ ಕಟ್ಟನ್ನು ತಿಳಿದುಕೊಳ್ಳೋಣ. ಆಂಗ್ಲ ಸಭೆಯ ವರ್ಷವು ಜನವರಿಯಲ್ಲಿ ಆರಂಭವಾಗುವುದಿಲ್ಲ. ನವೆಂಬರು ೩೦ಕ್ಕೆ ಬರುವ ಸಂತ ಅಂದ್ರೆಯನ ದಿನಕ್ಕೆ ಅತ್ಯಂತ ಸಮೀಪವಾದ ಭಾನುವಾರವೇ ಅವರ ವರ್ಷದ ಮೊದಲನೆಯ ದಿನ. ಅಲ್ಲಿಂದ ಕ್ರಿಸ್ತಜಯಂತಿಯವರೆಗೆ ಆಗಮನಕಾಲ. ಡಿಸೆಂಬರು ೨೫ರ ಕ್ರಿಸ್ಮಸ್ಸೂ, ಜನವರಿ ೬ರಂದು ಮೂಡಣ ಜ್ಞಾನಿಗಳು ಶಿಶುವನ್ನು ಕಂಡ ಹಬ್ಬವೂ ಸೂರ್ಯನ ಗತಿಯನ್ನನುಸರಿಸಿ ಕದಲದೆ ನಿಲ್ಲುವುವು. ಈಸ್ಟರ್ ಹಬ್ಬವಾದರೋ ಚಂದ್ರನನ್ನು ಹಿಂಬಾಲಿಸುವುದು. ಮಾರ್ಚಿ ೨೧ರಂದು ಅಥವಾ ಅದರ ತರುವಾಯ ಬರುವ ಹುಣ್ಣಿಮೆಯನ್ನು ದಾಟಿದ ಮೊದಲನೆಯ ಭಾನುವಾರವೇ ಈಸ್ಟರ್. ಆದುದರಿಂದ ಅದು ಮಾರ್ಚಿ ೨೨ರಿಂದ ಏಪ್ರಿಲ್ ೨೫ರ ವರೆಗೆ ಯಾವ ದಿನವಾದರೂ ಬರಬಹುದು. ಆ ಹುಣ್ಣಿಮೆಯೂ ಆಕಾಶವನ್ನು ನೋಡಿ ಹೇಳಿದುದಲ್ಲ. ಸಭೆಯವರು ಗಣಿತದಿಂದ ಗೊತ್ತುಮಾಡಿದುದು. ತಿಥಿಯ ಲೆಕ್ಕವನ್ನು ಬಲ್ಲ ನಮ್ಮವರಿಗೆ ಇದು ಹೊಸ ವಿಷಯವೇನೂ ಅಲ್ಲ. ಈಸ್ಟರಿಗೆ ಹಿಂದೆ, ಭಾನುವಾರಗಳನ್ನು ಬಿಟ್ಟು, ನಲವತ್ತು ದಿನಗಳ ಉಪವಾಸಕಾಲವಿರುವುದು. ಬೂದಿ ಬುಧವಾರದಲ್ಲಿ ಮೊದಲಾಗುವ ಆ ಕಾಲದ ಕೊನೆಯ ವಾರದಲ್ಲಿ ಶುಭ ಶುಕ್ರವಾರ. ಈಸ್ಟರಿನಿಂದ ನಲವತ್ತನೆಯ ದಿನ ಸ್ವರ್ಗಾರೋಹಣ. ಐವತ್ತನೆಯ ದಿನ ಪಂಚಾಶತ್ತಮದ ಹಬ್ಬ. ಈ ಎರಡು ಚಕ್ರಗಳ ನಡುವೆ ಅಪೊಸ್ತಲರು, ಸುವಾರ್ತಿಕರು, ಹುತಾತ್ಮರು ಮುಂತಾದವರ ದಿನಗಳು ಹೂವಿನ ಸರದಲ್ಲಿ ನಡುನಡುವೆ ಪೋಣಿಸಿದ ತುಳಸಿಯಂತೆ ಬರುವುವು.

ಹದಿನಾರನೆಯ ಶತಮಾನದ ಆದಿಯಲ್ಲಿ ಇಂಗ್ಲೆಂಡು ಇನ್ನೂ ರೋಮಿನ ಸಭೆಗೆ ಸೇರಿದ್ದಾಗ ಇಂಥ ದಿನಗಳು ಬಹು ಹೆಚ್ಚಾಗಿದ್ದುವು. ದೇಶಕ್ಕೆಲ್ಲ ಸಾಮಾನ್ಯವಾದ ಹಬ್ಬಗಳಲ್ಲದೆ ಪ್ರತಿಯೊಂದು ಊರಿಗೂ ತನ್ನ ದೇವಾಲಯದ ಸಂತನ ಹಬ್ಬವೂ, ದೇವಾಲಯವು ಪ್ರತಿಷ್ಠಿತವಾದ ದಿನದ ಉತ್ಸವವೂ ಬೇರೆಬೇರೆಯಾಗಿ ಇದ್ದುವು. ಆ ದಿನ ಉಳುವವನು ನೇಗಿಲನ್ನು ಮುಟ್ಟನು. ಕಮ್ಮಾರನು ತಿದಿಯನ್ನು ಒತ್ತನು. ಬಡವನಿಗೆ ವಿಶ್ರಾಂತಿಯೆಂಬುದು ದೊರೆಯುತ್ತಿದ್ದುದು ಒಡೆಯನ ದಯೆಯಿಂದಲ್ಲ, ಸಂತರ ಪುಣ್ಯದಿಂದ. ಕೂಲಿಯಿಲ್ಲದೆ ಕಳೆಯುವ ದಿನಗಳು ಹೆಚ್ಚಿದರೆ ಅವನ ಮನೆಯ ಗಂಜಿಯೂ ತೆಳ್ಳಗಾಗುವುದೆಂಬುದೇನೋ ನಿಜ. ಆದರೂ ಆ ದಿನಗಳು ಅವನವು.

೧೫೩೬ರಲ್ಲಿ, ಎಂಟನೆಯ ಹೆನ್ರಿ ದೊರೆಯು ರೋಮಿನ ಸಂಬಂಧವನ್ನು ಹರಿದುಕೊಂಡ ಎರಡು ವರ್ಷಗಳೊಳಗೆ, ಈ ದಿನಗಳ ಮೇಲೆ ಮೊದಲನೆಯ ಕತ್ತರಿ ಬಿದ್ದಿತು. ಜುಲೈ ೧ರಿಂದ ಸೆಪ್ಟೆಂಬರು ೨೯ರ ವರೆಗಿನ ಸುಗ್ಗಿಯ ಕಾಲದಲ್ಲಿ ಬರುವ ಹಬ್ಬಗಳು, ಅಪೊಸ್ತಲರ ಮತ್ತು ಮರಿಯಮ್ಮನವರ ದಿನಗಳಂಥ ಕೆಲವನ್ನುಳಿದು, ಇನ್ನು ಮುಂದೆ ಕೆಲಸ ಬಿಡುವ ದಿನಗಳಲ್ಲವೆಂದು ಆಜ್ಞೆಯಾಯಿತು. ಲಂಡನ್ನಿನ ವೆಸ್ಟ್‌ಮಿನ್‌ಸ್ಟರಿನಲ್ಲಿ ನ್ಯಾಯಸ್ಥಾನಗಳು ನಡೆಯುವ ಕಾಲದ ಹಬ್ಬಗಳಿಗೂ ಬಹುಮಟ್ಟಿಗೆ ಅದೇ ಗತಿಯಾಯಿತು. ದೇವಾಲಯ ಪ್ರತಿಷ್ಠೆಯ ಉತ್ಸವಗಳನ್ನು ಎಲ್ಲ ಊರುಗಳವರೂ ಅಕ್ಟೋಬರಿನ ಮೊದಲನೆಯ ಭಾನುವಾರ ಒಂದೇ ದಿನ ಆಚರಿಸತಕ್ಕದ್ದೆಂದು ವಿಧಿಸಲಾಯಿತು. ಹಬ್ಬಗಳು ಹೆಚ್ಚಿದುದರಿಂದ ಸೋಮಾರಿತನವೂ ದುಂದುಗಾರಿಕೆಯೂ ಬೆಳೆದು ಬಡತನವು ಹೆಚ್ಚಿತು, ಪೈರು ಹೊಲದಲ್ಲಿಯೇ ಹಾಳಾಯಿತು ಎಂದು ಕಾರಣವನ್ನು ಹೇಳಿದರು. ಕಾರಣದಲ್ಲಿ ಸ್ವಲ್ಪ ಸತ್ಯವೂ ಇದ್ದಿರಬಹುದು. ಆದರೆ ಹೊಲದಲ್ಲಿ ಬೆನ್ನು ಬಗ್ಗಿಸಿದವರನ್ನು ಯಾರೂ ಕೇಳಿದಂತೆ ಕಾಣುವುದಿಲ್ಲ.

ಅದೇ ವರ್ಷದ ಅಕ್ಟೋಬರಿನಲ್ಲಿ ಜನರು ಉತ್ತರ ಕೊಟ್ಟರು. ದೇಶದ ಉತ್ತರ ಭಾಗದ ವೆಸ್ಟ್‌ಮರ್ಲೆಂಡ್ ಸೀಮೆಯಲ್ಲಿ ಕರ್ಕ್‌ಬಿ ಸ್ಟೀವನ್ ಎಂಬ ಊರಿದೆ. ಮುಂದಿನ ವಾರದ ಹಬ್ಬಗಳನ್ನು ಭಾನುವಾರದ ಪೂಜೆಯಲ್ಲಿ ಪಾದ್ರಿಯು ಸಾರುವುದು ಅಲ್ಲಿಯ ಪದ್ಧತಿ. ಅಕ್ಟೋಬರು ೧೮ ಸಂತ ಲೂಕನ ದಿನ. ಅದಕ್ಕೆ ಹಿಂದಿನ ಭಾನುವಾರ ಪಾದ್ರಿಯು ರಾಜಾಜ್ಞೆಗೆ ಅಂಜಿ ಲೂಕನ ಹೆಸರನ್ನು ಎತ್ತಲೇ ಇಲ್ಲ. ನೆರೆದ ಜನರು ಅಲ್ಲಿಯೇ ಎದ್ದು ಗದ್ದಲವೆಬ್ಬಿಸಿದರು. ಹಬ್ಬವನ್ನು ಸಾರುವವರೆಗೆ ಅವನನ್ನು ಬಿಡಲಿಲ್ಲ. ಆ ಗದ್ದಲವು ಆ ಸೀಮೆಯ ದಂಗೆಗೆ ಮೊದಲಾಯಿತು. ಚರಿತ್ರೆಯಲ್ಲಿ ‘ಕೃಪಾಯಾತ್ರೆ’ ಎಂದು ಹೆಸರಾದ ಉತ್ತರದೇಶದ ಆ ಮಹಾದಂಗೆಗೆ ಮಠಗಳ ನಾಶ, ತೆರಿಗೆಗಳ ಭಾರ ಮೊದಲಾದ ಬೇರೆ ಕಾರಣಗಳೂ ಇದ್ದುವು. ಆದರೆ ಕರ್ಕ್‌ಬಿ ಸ್ಟೀವನ್ನಿನ ಒಕ್ಕಲಿಗರನ್ನು ಎಬ್ಬಿಸಿದುದು ಪಂಚಾಂಗದಿಂದ ಜಾರಿಹೋದ ಒಂದು ಹೆಸರು. ದಂಗೆಯನ್ನು ದೊರೆಯು ಮಾತುಗಳಿಂದ ಚದುರಿಸಿ ಅನಂತರ ನೇಣಿನಿಂದ ಮುಗಿಸಿದನು. ಅದರ ಮುಂದಾಳಾದ ರಾಬರ್ಟ್ ಆಸ್ಕನು ೧೫೩೭ರಲ್ಲಿ ಯಾರ್ಕ್ ನಗರದಲ್ಲಿ ಪ್ರಾಣವನ್ನು ಕಳೆದುಕೊಂಡನು. ಆದರೆ ಮುಂದೆ ನಡೆದ ಸಂಗತಿಯನ್ನು ನೋಡಿರಿ: ೧೫೪೧ರಲ್ಲಿ ಅದೇ ಹೆನ್ರಿಯು ಸಾರಿದ ಪ್ರಕಟನೆಯಿಂದ ಲೂಕನ ದಿನ, ಮಾರ್ಕನ ದಿನ, ಮಗ್ದಲದ ಮರಿಯಳ ದಿನ, ಈ ಮೂರೂ ಹಬ್ಬಗಳಾಗಿ ಹಿಂದಿರುಗಿದುವು. ಸತ್ತವರು ಹಿಂದಿರುಗಲಿಲ್ಲ.

ಹೆನ್ರಿಯ ಮಗನಾದ ಆರನೆಯ ಎಡ್ವರ್ಡನ ಕಾಲದಲ್ಲಿ ಬದಲಾವಣೆಯು ಇನ್ನೂ ಆಳಕ್ಕೆ ಇಳಿಯಿತು. ಕ್ಯಾಂಟರ್‌ಬರಿಯ ಆರ್ಚ್‌ಬಿಷಪ್ಪನಾದ ಕ್ರಾನ್ಮರನು ಲ್ಯಾಟಿನ್ ಪೂಜಾವಿಧಿಗಳನ್ನು ಸಂಗ್ರಹಿಸಿ, ಇಂಗ್ಲಿಷಿಗೆ ತಿರುಗಿಸಿ, ತಿದ್ದಿ ಸಿದ್ಧಪಡಿಸಿದ ಮೊದಲನೆಯ ಪ್ರಾರ್ಥನಾ ಗ್ರಂಥವು ೧೫೪೯ರ ಜೂನ್ ೯ರಂದು, ಪಂಚಾಶತ್ತಮದ ಭಾನುವಾರ, ದೇಶದಲ್ಲೆಲ್ಲ ಬಳಕೆಗೆ ಬಂದಿತು. ಅದರ ಪಂಚಾಂಗದಲ್ಲಿ ಬೈಬಲ್ಲಿನಲ್ಲಿ ಹೆಸರುಳ್ಳ ಸಂತರು ಮಾತ್ರ ಉಳಿದರು; ಉಳಿದ ನೂರಾರು ಹೆಸರುಗಳು ಮಾಯವಾದುವು. ಮರುದಿನ, ಹಬ್ಬದ ಸೋಮವಾರ, ಡೆವನ್ ಸೀಮೆಯ ಸ್ಯಾಂಪ್‌ಫರ್ಡ್ ಕೋರ್ಟ್ನಿ ಎಂಬ ಹಳ್ಳಿಯವರು ತಮ್ಮ ಪಾದ್ರಿಯನ್ನು ಮುತ್ತಿ, ಹಳೆಯ ಉಡುಪನ್ನು ಧರಿಸಿ ಹಳೆಯ ಪೂಜೆಯನ್ನೇ ಮಾಡುವಂತೆ ಬಲಾತ್ಕರಿಸಿದರು. ಬೇಸಗೆ ಕಳೆಯುವುದರೊಳಗೆ ಆ ಪಡುವಣ ಸೀಮೆಯಲ್ಲಿ ಸಹಸ್ರಾರು ಜನರು ಮಡಿದರು.

೧೫೫೨ರಲ್ಲಿ ಪಾರ್ಲಿಮೆಂಟು ಪರ್ವದಿನಗಳನ್ನೂ ಉಪವಾಸದಿನಗಳನ್ನೂ ಕುರಿತು ಒಂದು ಶಾಸನವನ್ನೇ ಮಾಡಿತು. ಅದರ ಮೊದಲಿನಲ್ಲಿ ಹೇಳಿದ ತತ್ತ್ವವು ವಿಚಾರಾರ್ಹವಾಗಿದೆ. ಯಾವ ದಿನವೂ ತಾನಾಗಿ ಪವಿತ್ರವಲ್ಲ, ದಿನಗಳೆಲ್ಲವೂ ಸ್ವಭಾವದಿಂದ ಸಮಾನ. ದೇವರ ಕಾರ್ಯಕ್ಕೆಂದು ಮೀಸಲಾಗಿಟ್ಟುದರಿಂದ ಮಾತ್ರ ದಿನಕ್ಕೆ ಪಾವಿತ್ರ್ಯ ಬರುವುದು. ಹಾಗೆ ಮೀಸಲಿಡುವ ಅಧಿಕಾರವು ಆಯಾ ದೇಶದ ಅರಸನಿಗೂ ಸಭೆಗೂ ಸೇರಿದುದು, ಎಂಬುದು ಅದರ ಅಭಿಪ್ರಾಯ. ಭಾನುವಾರಗಳಲ್ಲದೆ ಇಪ್ಪತ್ತೇಳು ಪರ್ವದಿನಗಳನ್ನು ಅದು ಎಣಿಸಿ ಹೇಳಿತು. ಸುಗ್ಗಿಯಲ್ಲಾಗಲಿ, ಅವಶ್ಯಕತೆಯೊದಗಿದ ಬೇರೆ ಕಾಲದಲ್ಲಾಗಲಿ, ಆ ದಿನಗಳಲ್ಲಿಯೂ ಉಳುವುದು, ಕೊಯ್ಯುವುದು, ಮೀನು ಹಿಡಿಯುವುದು ತಪ್ಪಲ್ಲವೆಂದೂ ಸೇರಿಸಿತು. ಮೇರಿ ರಾಣಿಯ ಕಾಲದಲ್ಲಿ ರದ್ದಾಗಿ ೧೬೦೪ರಲ್ಲಿ ಮರಳಿ ಜೀವ ತಳೆದ ಈ ಶಾಸನದ ಇಪ್ಪತ್ತೇಳೆಂಬ ಸಂಖ್ಯೆಯನ್ನು ವಾಚಕರು ಜ್ಞಾಪಕದಲ್ಲಿಡಬೇಕು. ಮುಂದೆ ಅದರ ಪ್ರಸಕ್ತಿ ಬರುವುದು.

ಎಲಿಜಬೆತ್ ರಾಣಿಯ ಆಳ್ವಿಕೆಯಲ್ಲಿ ಭಾನುವಾರವೂ ಪರ್ವದಿನಗಳಲ್ಲಿಯೂ ದೇವಾಲಯಕ್ಕೆ ಬಾರದವನಿಗೆ ಹನ್ನೆರಡು ಪೆನ್ನಿಗಳ ದಂಡವಿದ್ದಿತು. ಉಪವಾಸವೂ ರಾಜಕಾರ್ಯವಾಯಿತು. ೧೫೬೩ರಲ್ಲಿ ಮಂತ್ರಿಯಾದ ಸೆಸಿಲನ ಯತ್ನದಿಂದ ಬುಧವಾರವೂ ಮಾಂಸವನ್ನು ಬಿಟ್ಟು ಮೀನನ್ನು ತಿನ್ನತಕ್ಕದ್ದೆಂದು ಶಾಸನವಾಯಿತು. ಇದು ಭಕ್ತಿಗಾಗಿಯಲ್ಲ, ಬೆಸ್ತರು ಹೆಚ್ಚಿದರೆ ನೌಕಾಬಲಕ್ಕೆ ನಾವಿಕರು ದೊರೆಯುವರೆಂದು! ಮೀನು ತಿಂದರೆ ಮೋಕ್ಷವುಂಟೆಂದು ಯಾರಾದರೂ ಬೋಧಿಸಿದಲ್ಲಿ ಅವರಿಗೆ ಶಿಕ್ಷೆಯೆಂದೂ ಆ ಶಾಸನದಲ್ಲಿಯೇ ಬರೆದಿದ್ದರು. ಜನರು ಇದನ್ನು ‘ಸೆಸಿಲನ ಉಪವಾಸ’ ಎಂದು ಹಾಸ್ಯಮಾಡಿದರು; ಎರಡು ದಶಕಗಳಲ್ಲಿ ಅದು ರದ್ದಾಯಿತು. ರಾಜನೀತಿಯು ವ್ರತದ ವೇಷವನ್ನು ಧರಿಸಿದರೆ ಅದನ್ನು ಗುರುತಿಸುವುದಕ್ಕೆ ಜನರಿಗೆ ಪಾಂಡಿತ್ಯವೇನೂ ಬೇಕಾಗುವುದಿಲ್ಲ.

ಅದೇ ರಾಣಿಯ ಕಾಲದಲ್ಲಿ, ೧೫೬೧ರಲ್ಲಿ, ಹಳೆಯ ಸಂತರ ಹೆಸರುಗಳಲ್ಲಿ ಹಲವು ಪಂಚಾಂಗಕ್ಕೆ ಮೆಲ್ಲನೆ ಮರಳಿದುವು. ಮುಖ್ಯ ಹಬ್ಬಗಳನ್ನು ಕೆಂಪಕ್ಷರದಲ್ಲಿಯೂ ಇವುಗಳನ್ನು ಕಪ್ಪಕ್ಷರದಲ್ಲಿಯೂ ಅಚ್ಚುಮಾಡುವ ವಾಡಿಕೆಯಿಂದ ಇವಕ್ಕೆ ಕಪ್ಪಕ್ಷರದ ದಿನಗಳೆಂದು ಹೆಸರಾಯಿತು. ಇವುಗಳಿಗೆ ಪೂಜೆಯೂ ಇಲ್ಲ, ಬಿಡುವೂ ಇಲ್ಲ. ಹೆಸರು ಮಾತ್ರ ಉಂಟು. ಇದರಲ್ಲಿ ಒಂದು ವಿನೋದವೂ ಇದೆ. ೧೬೦೪ರ ಗ್ರಂಥದಲ್ಲಿ ಸೆಪ್ಟೆಂಬರು ೭ರ ಎದುರಿಗೆ ‘ಎನುರ್ಕಸ್’ ಎಂಬೊಬ್ಬ ಸಂತನು ಕಾಣಿಸಿಕೊಂಡನು. ಅಂಥ ಸಂತನು ಲೋಕದಲ್ಲಿ ಎಂದೂ ಇರಲಿಲ್ಲ. ಫ್ರಾನ್ಸಿನ ಓರ್ಲಿಯನ್ಸ್ ನಗರದ ಬಿಷಪ್ಪನಾಗಿದ್ದ ಎವುರ್ತಿಯಸ್ ಎಂಬವನ ಹೆಸರು ಅಚ್ಚಿನವರ ಕೈಯಲ್ಲಿ ಹಾಗೆ ವಿರೂಪಗೊಂಡಿತ್ತು. ಆ ದಿನವು ಮೃತಳಾದ ಎಲಿಜಬೆತ್ ರಾಣಿಯ ಹುಟ್ಟಿದ ದಿನವೂ ಆಗಿದ್ದಿತು. ೧೬೬೨ರಲ್ಲಿ ಮಹಾಪಂಡಿತರಾದ ಬಿಷಪ್ಪರು ಗ್ರಂಥವನ್ನು ಪರಿಷ್ಕರಿಸಿದಾಗಲೂ ಎನುರ್ಕಸನನ್ನು ಯಾರೂ ಕದಲಿಸಲಿಲ್ಲ.

ಹಬ್ಬಗಳ ಮೇಲೆ ಎರಡನೆಯ ಮಹಾಪ್ರಹಾರವು ಪ್ಯೂರಿಟನ್ನರಿಂದ ಬಂದಿತು. ಬೈಬಲ್ಲಿನಲ್ಲಿ ಅಪ್ಪಣೆಯಿಲ್ಲದ ದಿನವನ್ನು ಪವಿತ್ರವೆನ್ನುವುದು ಪಾಪವೆಂಬುದು ಅವರ ನಂಬಿಕೆ; ಕುಡಿತ ಕುಣಿತಗಳಲ್ಲಿ ಕಳೆಯುವ ಕ್ರಿಸ್ಮಸ್ಸನ್ನು ಕಂಡರೆ ಅವರಿಗೆ ಜುಗುಪ್ಸೆ. ರಾಜನಾದ ಮೊದಲನೆಯ ಚಾರ್ಲ್ಸನಿಗೂ ಪಾರ್ಲಿಮೆಂಟಿಗೂ ಯುದ್ಧವು ನಡೆಯುತ್ತಿದ್ದಾಗ ಪ್ರತಿ ತಿಂಗಳ ಕೊನೆಯ ಬುಧವಾರ ದೇಶವೆಲ್ಲ ಉಪವಾಸವಿರಬೇಕೆಂದು ಕಟ್ಟಳೆಯಿದ್ದಿತು. ೧೬೪೪ರಲ್ಲಿ ಡಿಸೆಂಬರು ೨೫ ಬುಧವಾರವಾಯಿತು. ಹಬ್ಬವೊ ಉಪವಾಸವೊ? ಉಪವಾಸವೇ, ಎಂದಿತು ಪಾರ್ಲಿಮೆಂಟು. ಮರುವರ್ಷದ ಮೊದಲಿಗೆ ಪ್ರಾರ್ಥನಾ ಗ್ರಂಥವೇ ನಿಷಿದ್ಧವಾಯಿತು. ೧೬೪೭ರ ಜೂನಿನಲ್ಲಿ ಕ್ರಿಸ್ಮಸ್, ಈಸ್ಟರ್, ಪಂಚಾಶತ್ತಮ ಮೊದಲಾದ ಎಲ್ಲ ಪರ್ವಗಳೂ ರದ್ದಾದುವು. ಆದರೆ ಕೂಲಿಯವರಿಗೂ ಕಲಿಯುವ ಹುಡುಗರಿಗೂ ಬಿಡುವೇ ಇಲ್ಲದಂತಾಗಬಾರದೆಂದು ಪ್ರತಿ ತಿಂಗಳ ಎರಡನೆಯ ಮಂಗಳವಾರವನ್ನು ವಿಹಾರಕ್ಕಾಗಿ ಗೊತ್ತುಮಾಡಿದರು. ಇದನ್ನು ಮಾಡಿದವರು ನಿರ್ದಯರಾಗಿರಲಿಲ್ಲವೆಂಬುದಕ್ಕೆ ಇದೇ ಸಾಕ್ಷಿ. ಆದರೆ ಎರಡನೆಯ ಮಂಗಳವಾರದಲ್ಲಿ ಯಾರ ತಾಯಿಯೂ ತನ್ನ ತಾಯಿಯಿಂದ ಕಲಿತ ಭಕ್ಷ್ಯವನ್ನು ಮಾಡಿರಲಿಲ್ಲ. ಯಾವ ಮುದುಕನಿಗೂ ಆ ದಿನ ತನ್ನ ಬಾಲ್ಯವು ನೆನಪಾಗುವಂತಿರಲಿಲ್ಲ. ಬಿಡುವು ಸಿಕ್ಕಿತು, ಹಬ್ಬವು ಸಿಕ್ಕಲಿಲ್ಲ.

ಆ ವರ್ಷದ ಡಿಸೆಂಬರು ೨೫ರಂದು ಕ್ಯಾಂಟರ್‌ಬರಿ ನಗರದ ಮೇಯರನು ಸಂತೆಯನ್ನು ಎಂದಿನಂತೆ ನಡೆಯಿಸಲು ಆಜ್ಞಾಪಿಸಿದನು. ಕೆಲವರು ಮಾತ್ರ ಅಂಗಡಿ ತೆರೆದರು. ಜನರು ಅವರ ಸರಕುಗಳನ್ನು ಬೀದಿಗೆ ಎಸೆದು, ಬೀದಿಗಳಲ್ಲಿ ಕಾಲ್ಚೆಂಡನ್ನಾಡಿ, ಮೇಯರನನ್ನು ಕೆಡಹಿ, ಊರನ್ನು ಕೆಲವು ದಿನ ತಮ್ಮ ವಶಮಾಡಿಕೊಂಡರು. ಆ ಗಲಭೆಯಿಂದ ಹುಟ್ಟಿದ ವಿಚಾರಣೆಯ ಬೇಗೆಯೇ ೧೬೪೮ರಲ್ಲಿ ಕೆಂಟ್ ಸೀಮೆಯ ದಂಗೆಗೆ ಒಂದು ಕಾರಣವಾಯಿತು. ಹತ್ತು ವರ್ಷಗಳ ತರುವಾಯ, ೧೬೫೭ರ ಕ್ರಿಸ್ಮಸ್ ದಿನ, ದಿನಚರಿಕಾರನಾದ ಜಾನ್ ಈವ್ಲಿನ್ ತನ್ನ ಪತ್ನಿಯೊಡನೆ ಲಂಡನ್ನಿನ ಎಕ್ಸಿಟರ್ ಪ್ರಾರ್ಥನಾಲಯಕ್ಕೆ ಹೋಗಿದ್ದನು. ಪ್ರಸಂಗವು ಮುಗಿದು ಪ್ರಭುಭೋಜನ ಸಂಸ್ಕಾರವು ನಡೆಯುತ್ತಿರಲು ಸಿಪಾಯಿಗಳು ಆ ಮಂದಿರವನ್ನು ಸುತ್ತುವರಿದರು. ರೊಟ್ಟಿಯನ್ನು ಸ್ವೀಕರಿಸಲು ಮುಂದೆ ಬಂದವರ ಮೇಲೆ, ಹೊಡೆಯುವರೊ ಎಂಬಂತೆ, ಬಂದೂಕುಗಳನ್ನು ಎತ್ತಿ ಹಿಡಿದರು. ಆದರೂ ಯಾರೂ ಹಿಂಜರಿಯದೆ ಸಂಸ್ಕಾರವನ್ನು ಪೂರೈಸಿದರು. ಈವ್ಲಿನನನ್ನು ಹಿಡಿದು ವಿಚಾರಿಸಿ, ಕೊನೆಗೆ ಬಿಟ್ಟುಬಿಟ್ಟರು. ನಿಷೇಧದ ಕಾಲದಲ್ಲಿಯೇ ಪಂಚಾಂಗದ ದಿನವೊಂದು ನಿಜವಾಗಿ ಪವಿತ್ರವಾಯಿತೆಂದು ಹೇಳಿದರೆ ತಪ್ಪಾಗಲಾರದು.

೧೬೬೦ರಲ್ಲಿ ಎರಡನೆಯ ಚಾರ್ಲ್ಸನು ಮರಳಿ ಬಂದನು. ಅವನೊಡನೆ ಹಬ್ಬಗಳೂ ಬಂದುವು. ಆದರೆ ಗೆದ್ದವರು ತಾಳ್ಮೆಯನ್ನು ಕಲಿತಿರಲಿಲ್ಲ. ಪರಿಷ್ಕೃತವಾದ ಪ್ರಾರ್ಥನಾ ಗ್ರಂಥವನ್ನು ೧೬೬೨ರ ಆಗಸ್ಟ್ ೨೪ರೊಳಗೆ, ಎಂದರೆ ಸಂತ ಬಾರ್ತೊಲೊಮಾಯನ ದಿನದೊಳಗೆ, ಒಪ್ಪದ ಬೋಧಕರೆಲ್ಲರೂ ಸ್ಥಾನವನ್ನು ಬಿಡತಕ್ಕದ್ದೆಂದು ಶಾಸನವಾಯಿತು. ಆ ಎರಡು ಮೂರು ವರ್ಷಗಳಲ್ಲಿ ಒಟ್ಟು ಎರಡು ಸಾವಿರದಷ್ಟು ಬೋಧಕರು ಮನೆ ಮಠಗಳನ್ನು ಬಿಟ್ಟು ಹೊರಟರು. ಫ್ರಾನ್ಸಿನಲ್ಲಿ ೧೫೭೨ರಲ್ಲಿ ಪ್ರಾಟೆಸ್ಟಂಟರ ಮಹಾಹತ್ಯೆ ನಡೆದುದೂ ಅದೇ ಸಂತನ ದಿನದಂದು. ಆದುದರಿಂದ ಪ್ಯೂರಿಟನ್ನರ ಸಂತತಿಗೆ ಆ ಹಬ್ಬವು ಕರಾಳದಿನವಾಯಿತು. ಒಬ್ಬರ ಕೆಂಪಕ್ಷರವು ಇನ್ನೊಬ್ಬರ ರಕ್ತಾಕ್ಷರವಾಗುವುದೆಂಬುದಕ್ಕೆ ಇದಕ್ಕಿಂತ ಬೇರೆ ನಿದರ್ಶನ ಬೇಡ.

ಈ ಕಾಲದಲ್ಲಿಯೇ ಪಾರ್ಲಿಮೆಂಟು ತಾನಾಗಿ ಹುಟ್ಟಿಸಿದ ಹಬ್ಬಗಳೂ ಪ್ರಾರ್ಥನಾ ಗ್ರಂಥದಲ್ಲಿ ಜೊತೆಗೂಡಿದುವು. ೧೬೦೫ರ ಮದ್ದಿನ ಪಿತೂರಿಯಿಂದ ದೊರೆಯು ಪಾರಾದುದಕ್ಕಾಗಿ ನವೆಂಬರು ೫. ಚಾರ್ಲ್ಸ್ ದೊರೆಯ ಶಿರಚ್ಛೇದವಾದ ಜನವರಿ ೩೦ ಉಪವಾಸದ ದಿನ. ರಾಜಪದವಿಯು ಮರಳಿ ನೆಲೆಗೊಂಡ ಮೇ ೨೯ ಆನಂದದ ದಿನ. ಎರಡು ಶತಮಾನಗಳ ಕಾಲ ಇವುಗಳಿಗೆ ವಿಶೇಷ ಪ್ರಾರ್ಥನೆಗಳಿದ್ದುವು. ೧೮೫೯ರಲ್ಲಿ ವಿಕ್ಟೋರಿಯಾ ರಾಣಿಯ ಆಜ್ಞೆಯಿಂದ ಇವು ಮೂರೂ ಗ್ರಂಥದಿಂದ ಹೊರಗಾದುವು. ಇವುಗಳಲ್ಲಿ ಎರಡನ್ನು ಜನಸಾಮಾನ್ಯರು ಬಹುಮಟ್ಟಿಗೆ ಮರೆತರು. ಆದರೆ ನವೆಂಬರು ೫ರ ರಾತ್ರಿ ಇಂಗ್ಲೆಂಡಿನಲ್ಲಿ ಇಂದಿಗೂ ಬೆಂಕಿಯ ರಾಶಿಗಳು ಉರಿಯುತ್ತವೆ, ಬಾಣಬಿರುಸುಗಳು ಹಾರುತ್ತವೆ. ಶಾಸನವು ಹುಟ್ಟಿಸಿತು, ಶಾಸನವು ಕೈಬಿಟ್ಟಿತು. ಚಳಿಗಾಲದ ಕತ್ತಲಲ್ಲಿ ಬೆಂಕಿಯ ಸುತ್ತ ನಿಲ್ಲುವ ಮಕ್ಕಳ ಸಂತೋಷವು ಮಾತ್ರ ಅದನ್ನು ಕೈಬಿಡಲಿಲ್ಲ.

೧೭೫೨ರಲ್ಲಿ ಕಾಲಗಣನೆಯೇ ಬದಲಾಯಿತು. ಯೂರೋಪಿನ ಅನೇಕ ದೇಶಗಳು ಅನುಸರಿಸುತ್ತಿದ್ದ ಗ್ರೆಗರಿಯ ಲೆಕ್ಕಕ್ಕೆ ಹೊಂದುವಂತೆ ಸೆಪ್ಟೆಂಬರು ೨ರ ಮರುದಿನವನ್ನು ಸೆಪ್ಟೆಂಬರು ೧೪ ಎಂದೆಣಿಸಿದರು. ಹನ್ನೊಂದು ದಿನಗಳನ್ನು ಹಿಂದಕ್ಕೆ ಕೊಡಿರೆಂದು ಜನರು ದಂಗೆಯೆದ್ದರೆಂಬ ಕಥೆಯು ಪ್ರಸಿದ್ಧವಾಗಿದ್ದರೂ ಅದಕ್ಕೆ ಆಧಾರವಿಲ್ಲ. ಹೋಗಾರ್ತನೆಂಬ ಚಿತ್ರಕಾರನ ಒಂದು ವಿಡಂಬನಚಿತ್ರದಿಂದ ಅದು ಬೆಳೆದಂತೆ ತೋರುವುದು. ನಿಜವಾಗಿ ನಡೆದುದು ಇದಕ್ಕಿಂತ ಸ್ವಾರಸ್ಯವಾಗಿದೆ. ಬಕಿಂಗ್‌ಹ್ಯಾಮ್ ಸೀಮೆಯ ಕ್ವೇಂಟನ್ ಎಂಬಲ್ಲಿ ಕ್ರಿಸ್ಮಸ್ ಹೊತ್ತಿಗೆ ಹೂ ಬಿಡುವುದೆಂದು ಜನರು ನಂಬಿದ್ದ ಒಂದು ಮುಳ್ಳಿನ ಗಿಡವಿದ್ದಿತು. ಹೊಸ ಲೆಕ್ಕದ ಡಿಸೆಂಬರು ೨೪ರ ರಾತ್ರಿ ಬಹು ಜನರು ದೀಪಗಳನ್ನು ಹಿಡಿದು ಆ ಗಿಡವನ್ನು ನೋಡಲು ಹೋದರು. ಗಿಡವು ಹೂ ಬಿಟ್ಟಿರಲಿಲ್ಲ. ಅದನ್ನೇ ಸಾಕ್ಷಿಯಾಗಿಟ್ಟುಕೊಂಡು, ಹೊಸ ಕ್ರಿಸ್ಮಸ್ಸು ನಿಜವಾದುದಲ್ಲವೆಂದು ಅವರು ಹಬ್ಬಕ್ಕೆ ಹೋಗಲಿಲ್ಲ. ಹೊಲದಲ್ಲಿ ಬೆಳೆಯುವುದರ ಮಾತನ್ನು ಪಾರ್ಲಿಮೆಂಟಿನ ಮಾತಿಗಿಂತ ಹೆಚ್ಚಾಗಿ ನಂಬುವುದು ಒಕ್ಕಲಿಗನ ಸ್ವಭಾವ.

ಇನ್ನು ಆ ಇಪ್ಪತ್ತೇಳರ ಗತಿಯೇನಾಯಿತೆಂಬುದನ್ನು ನೋಡೋಣ. ಹತ್ತೊಂಬತ್ತನೆಯ ಶತಮಾನದ ಆದಿಯಲ್ಲಿ ಇಂಗ್ಲೆಂಡಿನ ಬ್ಯಾಂಕು ವರ್ಷಕ್ಕೆ ಮೂವತ್ತಮೂರರಷ್ಟು ಸಂತರ ದಿನಗಳಲ್ಲಿಯೂ ಪರ್ವಗಳಲ್ಲಿಯೂ ಬಾಗಿಲು ಮುಚ್ಚುತ್ತಿದ್ದಿತು. ೧೮೩೪ರಲ್ಲಿ ಅದನ್ನು ನಾಲ್ಕಕ್ಕೆ ಇಳಿಸಿದರು. ಕಾರ್ಖಾನೆಗಳಲ್ಲಿಯಂತೂ ಸಂತರ ಹೆಸರು ಕೇಳುವವರೇ ಇಲ್ಲ. ೧೮೩೩ರ ಕಾರ್ಖಾನೆಗಳ ಶಾಸನವು ಅಲ್ಲಿ ದುಡಿಯುವ ಮಕ್ಕಳಿಗೆ ಕ್ರಿಸ್ಮಸ್ ಮತ್ತು ಶುಭ ಶುಕ್ರವಾರ, ಇವೆರಡು ಪೂರ್ಣ ದಿನಗಳನ್ನೂ ಎಂಟು ಅರ್ಧದಿನಗಳನ್ನೂ ಕೊಡಬೇಕೆಂದು ವಿಧಿಸಿತು. ಅಷ್ಟನ್ನು ಕೊಡಿಸುವುದಕ್ಕೂ ಶಾಸನವೇ ಬೇಕಾಯಿತು. ಹೆನ್ರಿ ದೊರೆಯ ಕತ್ತರಿಯಿಂದ ಉಳಿದುಕೊಂಡುದನ್ನೂ ಪ್ಯೂರಿಟನ್ನರ ಬೆಂಕಿಯಿಂದ ಪಾರಾದುದನ್ನೂ ಉಗಿಯಂತ್ರದ ಚಕ್ರವು ಸದ್ದಿಲ್ಲದೆ ಅರೆದುಹಾಕಿತು. ಇದಕ್ಕಾಗಿ ಯಾವ ಪಾದ್ರಿಯನ್ನೂ ಯಾರೂ ಮುತ್ತಲಿಲ್ಲ. ಏಕೆಂದರೆ ಆ ದಿನಗಳು ಗ್ರಂಥದಲ್ಲಿ ಅಚ್ಚಳಿಯದೆ ಹಾಗೆಯೇ ಇದ್ದುವು. ೧೮೭೧ರಲ್ಲಿ ಲಬ್ಬಕ್ ಮಹಾಶಯನ ಪ್ರಯತ್ನದಿಂದ ಬ್ಯಾಂಕುಗಳಿಗೆ ರಜಾದಿನಗಳ ಶಾಸನವಾಗಿ, ಈಸ್ಟರಿನ ಮತ್ತು ಪಂಚಾಶತ್ತಮದ ಸೋಮವಾರಗಳು, ಆಗಸ್ಟಿನ ಮೊದಲನೆಯ ಸೋಮವಾರ, ಕ್ರಿಸ್ಮಸ್ಸಿನ ಮರುದಿನ ಇವು ಜನರಿಗೆ ದೊರೆತುವು. ಇವುಗಳಲ್ಲಿ ಮೂರು, ೧೫೫೨ರ ಪಟ್ಟಿಯಲ್ಲಿದ್ದ ದಿನಗಳೇ ಎಂಬುದನ್ನು ಗಮನಿಸಬೇಕು.

ಆ ಶತಮಾನದಲ್ಲಿಯೇ ಸಭೆಯೊಳಗೆ ಹಳೆಯ ದಿನಗಳ ಮೇಲೆ ಹೊಸ ಪ್ರೀತಿಯು ಚಿಗುರಿತು. ಜಾನ್ ಕೀಬ್ಲನು ಪ್ರಾರ್ಥನಾ ಗ್ರಂಥದ ದಿನಗಳ ಕ್ರಮದಲ್ಲಿ ರಚಿಸಿದ ಕವಿತಾಸಂಗ್ರಹವು ೧೮೨೭ರಲ್ಲಿ ಹೊರಬಂದು ಮನೆಮನೆಯಲ್ಲಿಯೂ ಓದಲ್ಪಟ್ಟಿತು. ೧೮೪೩ರಲ್ಲಿ ಕಾರ್ನ್‌ವಾಲಿನ ಮಾರ್ವೆನ್‌ಸ್ಟೊ ಎಂಬ ಕಡಲತಡಿಯ ಊರಿನ ಪಾದ್ರಿ ಹಾಕರನು ಸುಗ್ಗಿಯ ಕೃತಜ್ಞತಾಪೂಜೆಯನ್ನು ಏರ್ಪಡಿಸಿದನು. ಪಂಚಾಂಗದಲ್ಲಿ ಸ್ಥಾನವಿಲ್ಲದಿದ್ದರೂ ಆ ಸುಗ್ಗಿಯ ಹಬ್ಬವು ಕೆಲವೇ ವರ್ಷಗಳಲ್ಲಿ ದೇಶವನ್ನೆಲ್ಲ ವ್ಯಾಪಿಸಿತು. ಸುಗ್ಗಿಗಾಗಿಯೇ ಒಂದು ಕಾಲದಲ್ಲಿ ಹಬ್ಬಗಳನ್ನು ಕಡಿದರು. ಮೂರು ಶತಮಾನಗಳ ಮೇಲೆ ಸುಗ್ಗಿಯೇ ಹಬ್ಬವಾಯಿತು.

ಈ ವೃತ್ತಾಂತಕ್ಕೂ ಕನ್ನಡ ನಾಡಿಗೂ ಸಂಬಂಧವಿಲ್ಲದೆ ಇಲ್ಲ. ಬೆಂಗಳೂರಿನ ದಂಡಿನವರಿಗಾಗಿ ೧೮೦೮ರಲ್ಲಿ ಅಸ್ತಿಭಾರ ಹಾಕಿದ ಆಂಗ್ಲ ದೇವಾಲಯಕ್ಕೆ ಸಂತ ಮಾರ್ಕನ ಹೆಸರು. ಹೆನ್ರಿಯು ೧೫೪೧ರಲ್ಲಿ ಹಿಂದಕ್ಕೆ ಕೊಟ್ಟ ಮೂರು ಹಬ್ಬಗಳಲ್ಲಿ ಒಂದು ಆ ಮಾರ್ಕನದೇ. ಅದಾದ ಎರಡು ವರ್ಷಗಳಲ್ಲಿ, ೧೮೧೦ರಲ್ಲಿ, ಬಳ್ಳಾರಿಗೆ ಬಂದು ನೆಲೆಸಿದ ಲಂಡನ್ ಮಿಷನ್ನಿನವರಾದರೋ ಬಹುಮಟ್ಟಿಗೆ ಪ್ಯೂರಿಟನ್ನರ ಸಂಪ್ರದಾಯಕ್ಕೆ ವಾರಸುದಾರರು. ಸಂತರ ದಿನಗಳ ಪಟ್ಟಿಯು ಅವರಿಗೆ ಬೇಕಿರಲಿಲ್ಲ. ೧೯೪೭ರ ಸೆಪ್ಟೆಂಬರು ೨೭ರಂದು ಮದರಾಸಿನ ಸಂತ ಜಾರ್ಜನ ಕೆಥೀಡ್ರಲಿನಲ್ಲಿ ಆಂಗ್ಲ ಸಭೆಯವರೂ, ಮೆಥಡಿಸ್ಟರೂ, ಪ್ರೆಸ್‌ಬಿಟೀರಿಯನ್ನರೂ, ಆ ಪ್ಯೂರಿಟನ್ ಸಂಪ್ರದಾಯದವರೂ ಕೂಡಿ ದಕ್ಷಿಣ ಇಂಡಿಯಾ ಸಭೆಯಾದರು. ಕ್ಯಾಂಟರ್‌ಬರಿಯ ಬೀದಿಯಲ್ಲಿ ಕ್ರಿಸ್ಮಸ್ಸಿಗಾಗಿ ಹೊಡೆದಾಡಿದ ಎರಡು ಪಕ್ಷಗಳ ಉತ್ತರಾಧಿಕಾರಿಗಳು ಸರಿಯಾಗಿ ಮುನ್ನೂರು ವರ್ಷಗಳ ತರುವಾಯ ನಮ್ಮ ದೇಶದಲ್ಲಿ ಒಂದೇ ಮೇಜಿನ ಮುಂದೆ ಮೊಣಕಾಲೂರಿದರು.

ಇನ್ನೊಂದು ಸಂಗತಿಯನ್ನು ಹೇಳಿ ಮುಗಿಸುವೆನು. ೨೦೦೦ದಲ್ಲಿ ಇಂಗ್ಲೆಂಡಿನ ಸಭೆಯು ಹೊಸ ಪೂಜಾಗ್ರಂಥವೊಂದನ್ನು ಬಳಕೆಗೆ ತಂದಿತು. ಅದರ ಪಂಚಾಂಗದಲ್ಲಿ ಏಪ್ರಿಲ್ ೩೦ರ ಎದುರಿಗೆ ಪಂಡಿತಾ ಮೇರಿ ರಮಾಬಾಯಿಯವರ ಹೆಸರಿದೆ. ಅವರು ೧೮೫೮ರಲ್ಲಿ ಹುಟ್ಟಿದುದು ನಮ್ಮ ಪಶ್ಚಿಮಘಟ್ಟದ ಗಂಗಾಮೂಲದ ಕಾಡಿನಲ್ಲಿ. ತಂದೆ ಅನಂತಶಾಸ್ತ್ರಿ ಡೋಂಗ್ರೆಯವರು ಕಾರ್ಕಳದ ಬಳಿಯ ಮಾಳದ ಕಡೆಯವರು. ಹೆಂಡತಿಗೂ ಮಗಳಿಗೂ ಸಂಸ್ಕೃತವನ್ನು ಕಲಿಸಿದುದಕ್ಕಾಗಿ ಆ ತಂದೆಯು ನಿಂದೆಯನ್ನು ಹೊತ್ತವರು. ಮಗಳಾದರೋ ೧೮೮೩ರಲ್ಲಿ ಇಂಗ್ಲೆಂಡಿನ ವಾಂಟೇಜಿನಲ್ಲಿ ದೀಕ್ಷಾಸ್ನಾನವನ್ನು ಪಡೆದರು. ಆ ದಿನ ಸೆಪ್ಟೆಂಬರು ೨೯, ಆಂಗ್ಲ ಪಂಚಾಂಗದಲ್ಲಿ ಸಂತ ಮೀಕಾಯೇಲನ ಹಬ್ಬ. ಆದರೆ ಅಲ್ಲಿನ ಹಿರಿಯರ ಅಧಿಕಾರಕ್ಕೆ ಅವರು ತಲೆಬಾಗಲಿಲ್ಲ. ತಮಗೆ ಕೊಡಬಂದ ಶಿಲುಬೆಯ ಮೇಲೆ ಲ್ಯಾಟಿನ್ ಅಕ್ಷರಗಳೇಕೆ, ಸಂಸ್ಕೃತವೇಕಾಗಬಾರದೆಂದು ವಾದಿಸಿದರು. ತಾಯ್ನಾಡಿಗೆ ಮರಳಿ, ಪುಣೆಯ ಬಳಿಯ ಕೇಡಗಾಂವಿನಲ್ಲಿ ವಿಧವೆಯರಿಗೂ ಅನಾಥೆಯರಿಗೂ ಆಶ್ರಯವನ್ನು ಕಟ್ಟಿ, ಬೈಬಲ್ಲನ್ನು ಮರಾಠಿಗೆ ಅನುವಾದಿಸಿ, ೧೯೨೨ರಲ್ಲಿ ದೇಹವನ್ನು ಬಿಟ್ಟರು. ಬದುಕಿದ್ದಾಗ ಹಟಮಾರಿಯೆಂದು ಯಾರನ್ನು ಗದರಿಸಲಾಯಿತೋ ಅವರ ಹೆಸರನ್ನು ಆ ಸಭೆಯು ಇಂದು ವರ್ಷಕ್ಕೊಮ್ಮೆ ಗೌರವದಿಂದ ಸ್ಮರಿಸುತ್ತದೆ.

ಮೊದಲು ಕೇಳಿದ ಪ್ರಶ್ನೆಗೆ ಈಗ ಉತ್ತರವನ್ನು ವಾಚಕರೇ ಊಹಿಸಿಕೊಂಡಿರಬಹುದು. ಎಡ್ವರ್ಡನ ಪಾರ್ಲಿಮೆಂಟು ಹೇಳಿದುದು ಅರ್ಧ ಸತ್ಯ: ದಿನಗಳು ತಾವಾಗಿ ಪವಿತ್ರವಲ್ಲ. ಆದರೆ ಅವುಗಳನ್ನು ಪವಿತ್ರಗೊಳಿಸುವುದು ಆಜ್ಞೆಯೂ ಅಲ್ಲ. ಕರ್ಕ್‌ಬಿ ಸ್ಟೀವನ್ನಿನಲ್ಲಿ ಮರೆಯಲೊಪ್ಪದವರೂ, ಬಂದೂಕಿನ ಮುಂದೆ ರೊಟ್ಟಿಯನ್ನು ಸ್ವೀಕರಿಸಿದವರೂ ಒಂದು ದಿನಕ್ಕೆ ಸಲ್ಲಿಸಿದ ಬೆಲೆಯೇ ಅದರ ಪಾವಿತ್ರ್ಯ. ಪಂಚಾಂಗವನ್ನು ಅಚ್ಚುಮಾಡುವವರು ಬೇರೆ. ಅದನ್ನು ಉಳಿಸುವವರು ಬೇರೆ.